ಮಗು ಯಾರದು ಎಂಬ ತಕರಾರು: ಯಾವ ಕೋರ್ಟಿಗೆ, ಏನು ಕೇಳಿಕೊಂಡು?

ಮಗುವಿನ ತಂದೆ ಯಾರು ಎಂಬ ತಕರಾರು ಎದ್ದ ಮನೆಯಲ್ಲಿ ಮೊದಲು ಕೇಳಿಬರುವ ಮಾತು: 'ಡಿಎನ್‌ಎ ಮಾಡಿಸಿಬಿಡಿ, ಗೊತ್ತಾಗುತ್ತೆ.' ಗಂಡನ ಕಡೆಯವರು ಅದನ್ನು ಸವಾಲಿನಂತೆ ಎಸೆಯುತ್ತಾರೆ, ಹೆಣ್ಣಿನ ಕಡೆಯವರು ರೋಷದಲ್ಲಿ ಒಪ್ಪಿಕೊಂಡುಬಿಡುತ್ತಾರೆ. ಕಾನೂನು ಹಾಗೆ ಶುರುವಾಗುವುದಿಲ್ಲ. ಅದು ಮೊದಲು ಕೇಳುವುದು ಎರಡೇ ಪ್ರಶ್ನೆ: ಮಗು ಹುಟ್ಟಿದಾಗ ತಾಯಿಯ ಮದುವೆ ಊರ್ಜಿತದಲ್ಲಿತ್ತೇ? ನೀವು ಈಗ ಕೋರ್ಟಿನಿಂದ ಕೇಳುತ್ತಿರುವುದು ಏನನ್ನು? ಈ ಎರಡಕ್ಕೆ ಉತ್ತರ ಸಿಕ್ಕಿದರೆ ಯಾವ ಕೋರ್ಟಿನ ಮೆಟ್ಟಿಲು ಹತ್ತಬೇಕು ಎಂಬುದು ತಾನಾಗಿ ತಿಳಿಯುತ್ತದೆ. ಸಿಗದಿದ್ದರೆ ತಪ್ಪು ಕೋರ್ಟಿನಲ್ಲಿ ವಾಯಿದೆ ಮೇಲೆ ವಾಯಿದೆ ಬಿದ್ದು ಮಗುವಿನ ಬಾಲ್ಯವೇ ಮುಗಿದುಹೋಗುತ್ತದೆ.

ತುಮಕೂರು ತಾಲ್ಲೂಕಿನ ಹಿರೇಹಳ್ಳಿ ಸುತ್ತಿನ ಬದುಕನ್ನೇ ತೆಗೆದುಕೊಳ್ಳಿ. ಹೆದ್ದಾರಿ ಬದಿಯ ಕೈಗಾರಿಕಾ ಪ್ರದೇಶದಲ್ಲಿ ಪಾಳಿ ಕೆಲಸ ಮಾಡುವ ಗಂಡು, ಹೆರಿಗೆಗೆಂದು ಗುಬ್ಬಿ ಕಡೆಯ ತವರಿಗೆ ಹೋದ ಹೆಣ್ಣು, ಕುಣಿಗಲ್ ಸೀಮೆಯಲ್ಲಿ ಅವನ ಅಪ್ಪನ ಜಮೀನು. ಸಂಸಾರ ಒಂದು, ಅದು ಹರಡಿಕೊಂಡಿರುವುದು ಮೂರು ತಾಲ್ಲೂಕಿನಲ್ಲಿ. ಜಗಳ ಬಂದಾಗ ಯಾವ ಊರಿನ ಕೋರ್ಟು ಎಂಬುದೇ ಮೊದಲ ಗೊಂದಲ.

1984ರ ಕೌಟುಂಬಿಕ ನ್ಯಾಯಾಲಯಗಳ ಕಾಯ್ದೆಯ 7ನೇ ಕಲಂ ಈ ನ್ಯಾಯಾಲಯದ ಅಧಿಕಾರವನ್ನು ಹೇಳುತ್ತದೆ. ವಿಚ್ಛೇದನ, ಮದುವೆ ಊರ್ಜಿತವೋ ಅಲ್ಲವೋ ಎಂಬ ಘೋಷಣೆ, ಮಕ್ಕಳ ಸುಪರ್ದಿ, ಜೀವನಾಂಶ ಇವುಗಳ ಜೊತೆಗೆ, ಒಬ್ಬ ವ್ಯಕ್ತಿ ಕಾನೂನುಬದ್ಧ ಸಂತಾನವೇ ಎಂಬ ಘೋಷಣೆಯ ದಾವೆಯನ್ನೂ ಅದರ ವಿವರಣೆ ಸೇರಿಸಿಕೊಂಡಿದೆ. 8ನೇ ಕಲಂ ಇನ್ನೂ ಒಂದು ಹೆಜ್ಜೆ ಮುಂದೆ ಹೋಗುತ್ತದೆ. ಕೌಟುಂಬಿಕ ನ್ಯಾಯಾಲಯ ಸ್ಥಾಪನೆಯಾದ ಪ್ರದೇಶದಲ್ಲಿ ಈ ವಿಷಯಗಳನ್ನು ಬೇರೆ ಸಿವಿಲ್ ಕೋರ್ಟುಗಳು ಮುಟ್ಟುವಂತಿಲ್ಲ, ಜೀವನಾಂಶದ ಅರ್ಜಿಯನ್ನು ಮ್ಯಾಜಿಸ್ಟ್ರೇಟರೂ ನಡೆಸುವಂತಿಲ್ಲ.

ಇಲ್ಲಿ 'ಸ್ಥಾಪನೆಯಾದ ಪ್ರದೇಶ' ಎಂಬುದನ್ನು ಗಮನಿಸಬೇಕು. ಒಂದು ಕೌಟುಂಬಿಕ ನ್ಯಾಯಾಲಯದ ಎಲ್ಲೆ ಎಲ್ಲಿಂದ ಎಲ್ಲಿಯವರೆಗೆ ಎಂಬುದನ್ನು ರಾಜ್ಯ ಸರ್ಕಾರ ಹೈಕೋರ್ಟಿನೊಂದಿಗೆ ಸಮಾಲೋಚಿಸಿ ಅಧಿಸೂಚನೆಯಲ್ಲಿ ಗೊತ್ತುಮಾಡುತ್ತದೆ. ಹಿರೇಹಳ್ಳಿ ತುಮಕೂರು ತಾಲ್ಲೂಕಿಗೆ ಸೇರಿದ್ದರಿಂದ ಅಲ್ಲಿಯವರು ತುಮಕೂರಿನ ಕೌಟುಂಬಿಕ ನ್ಯಾಯಾಲಯಕ್ಕೆ ಹೋಗುತ್ತಾರೆ. ಆ ಎಲ್ಲೆಯ ಆಚೆಗಿನ ತಾಲ್ಲೂಕಿನಲ್ಲಾದರೆ ವಿಚ್ಛೇದನದಂಥ ವೈವಾಹಿಕ ಅರ್ಜಿಗಳನ್ನು ಆ ಊರಿನ ಹಿರಿಯ ಸಿವಿಲ್ ನ್ಯಾಯಾಧೀಶರೂ ಜೀವನಾಂಶದ ಅರ್ಜಿಯನ್ನು ಅಲ್ಲಿನ ಮ್ಯಾಜಿಸ್ಟ್ರೇಟರೂ ನಡೆಸುತ್ತಾರೆ. ಆದ್ದರಿಂದ ಗುಬ್ಬಿ, ಕುಣಿಗಲ್ ಕಡೆಯವರು ಅರ್ಜಿ ಬರೆಸುವ ಮೊದಲು ತಾಲ್ಲೂಕು ಕಾನೂನು ಸೇವಾ ಸಮಿತಿಯಲ್ಲಿ ಇದೊಂದನ್ನು ಕೇಳಿ ಖಚಿತಪಡಿಸಿಕೊಳ್ಳಲಿ. ಅರ್ಧ ದಿನದ ಓಡಾಟ ಆಗಬಹುದು, ಆದರೆ ಅರ್ಜಿ ವಾಪಸಾಗಿ ಮತ್ತೆ ಮೊದಲಿನಿಂದ ಶುರುಮಾಡುವ ಪಾಡು ತಪ್ಪುತ್ತದೆ.

ಇನ್ನು ನೀವು ಏನು ಕೇಳುತ್ತಿದ್ದೀರಿ ಎಂಬ ವಿಚಾರ. ಮಗುವಿನ ಹೊಟ್ಟೆ ಬಟ್ಟೆಗೆ, ಓದಿಗೆ ಹಣ ಬೇಕು ಎಂಬುದಷ್ಟೇ ನಿಮ್ಮ ಬೇಡಿಕೆಯಾದರೆ, ಈ ಲೇಖನದಲ್ಲಿ ನೆನಪಿಟ್ಟುಕೊಳ್ಳಬೇಕಾದದ್ದು ಒಂದೇ ಸಂಗತಿ. ಜೀವನಾಂಶಕ್ಕೆ ಮಗು ಮದುವೆಯೊಳಗೇ ಹುಟ್ಟಿರಬೇಕೆಂಬ ಷರತ್ತಿಲ್ಲ. ಹಳೆಯ ದಂಡ ಪ್ರಕ್ರಿಯಾ ಸಂಹಿತೆಯ 125ನೇ ಕಲಮಿನ ಜಾಗಕ್ಕೆ 2024ರ ಜುಲೈ 1ರಿಂದ ಭಾರತೀಯ ನಾಗರಿಕ ಸುರಕ್ಷಾ ಸಂಹಿತೆಯ 144ನೇ ಕಲಂ ಬಂದಿದೆ. ಮದುವೆಯೊಳಗೆ ಹುಟ್ಟಿದ ಮಗುವಾಗಲಿ, ಹೊರಗೆ ಹುಟ್ಟಿದ ಮಗುವಾಗಲಿ, ತನ್ನನ್ನು ತಾನು ಪೋಷಿಸಿಕೊಳ್ಳಲಾಗದ ಮಗುವಿಗೆ ತಂದೆ ಜೀವನಾಂಶ ಕೊಡಲೇಬೇಕು ಎಂದು ಆಗಲೂ ಇತ್ತು, ಈಗಲೂ ಇದೆ. ತಂದೆ ಅವನೇ ಎಂಬುದು ಸಾಬೀತಾಗಬೇಕು, ಅಷ್ಟೆ. 'ಮದುವೆಯೇ ಆಗಿಲ್ಲ, ಕೇಸು ನಿಲ್ಲೋದಿಲ್ಲ' ಎಂದು ಊರ ಹಿರಿಯರು ಹೇಳಿದ್ದನ್ನು ನಂಬಿ ಎಷ್ಟೋ ತಾಯಂದಿರು ಕೋರ್ಟಿನ ಕಡೆ ತಿರುಗಿಯೂ ನೋಡದೆ ಕೂಲಿನಾಲಿ ಮಾಡಿ ಮಕ್ಕಳನ್ನು ಸಾಕುತ್ತಿದ್ದಾರೆ. ಆ ಮಾತು ಶುದ್ಧ ತಪ್ಪು. ತಾಯಿಗೆ ಹೆಂಡತಿಯ ಹಕ್ಕು ಸಿಗದೆ ಹೋಗಬಹುದು. ಮಗುವಿನ ಹಕ್ಕು ಬೇರೆ, ಅದು ತಾಯಿಯ ಹಕ್ಕಿನ ಜೊತೆಗೆ ಮುಳುಗುವುದಿಲ್ಲ.

ಈ ಅರ್ಜಿಯನ್ನು ತಾಯಿ ತಾನು ವಾಸವಿರುವ ಊರಿನ ವ್ಯಾಪ್ತಿಯ ನ್ಯಾಯಾಲಯದಲ್ಲೇ ಹಾಕಬಹುದು. ಗಂಡ ಪೀಣ್ಯದಲ್ಲಿದ್ದರೂ ಹೊಸೂರಿನಲ್ಲಿದ್ದರೂ ಹಿರೇಹಳ್ಳಿಯ ಹೆಣ್ಣುಮಗಳು ತುಮಕೂರಿಗೆ ಹೋದರೆ ಸಾಕು. ನೋಟಿಸು ಜಾರಿಯಾದ 60 ದಿನದೊಳಗೆ ಮಧ್ಯಂತರ ಜೀವನಾಂಶದ ಅರ್ಜಿ ಆದಷ್ಟು ಮಟ್ಟಿಗೆ ತೀರ್ಮಾನವಾಗಬೇಕು ಎಂದು ಕಾನೂನೇ ಹೇಳುತ್ತದೆ. 2020ರ ನವೆಂಬರ್‌ನಲ್ಲಿ ಸುಪ್ರೀಂ ಕೋರ್ಟ್ ಕೊಟ್ಟ ಮಾರ್ಗಸೂಚಿಯ ಪ್ರಕಾರ ಎರಡೂ ಕಡೆಯವರು ತಮ್ಮ ಆಸ್ತಿ, ಆದಾಯ, ಸಾಲಗಳ ಪ್ರಮಾಣಪತ್ರ ಸಲ್ಲಿಸಬೇಕು, ಹಣ ಅರ್ಜಿ ಹಾಕಿದ ದಿನದಿಂದಲೇ ಲೆಕ್ಕಕ್ಕೆ ಬರಬೇಕು. ಅದಕ್ಕೇ ತಡಮಾಡದೆ ಅರ್ಜಿ ಹಾಕಿ ಎನ್ನುವುದು.

ಎದುರಿನವರು 'ಮಗು ನನ್ನದಲ್ಲ' ಎಂದರೆ? ಮಗು ಮದುವೆಯೊಳಗೆ ಹುಟ್ಟಿದ್ದರೆ ಕಾನೂನು ತಾಯಿ ಮಗುವಿನ ಪರವಾಗಿ ಗಟ್ಟಿಯಾಗಿ ನಿಲ್ಲುತ್ತದೆ. 1872ರ ಸಾಕ್ಷ್ಯ ಕಾಯ್ದೆಯ 112ನೇ ಕಲಮೇ ಈಗ 2023ರ ಭಾರತೀಯ ಸಾಕ್ಷ್ಯ ಅಧಿನಿಯಮದ 116ನೇ ಕಲಂ. ಊರ್ಜಿತ ಮದುವೆ ಇರುವಾಗ, ಅಥವಾ ಮದುವೆ ಮುರಿದ 280 ದಿನದೊಳಗೆ ತಾಯಿ ಮರುಮದುವೆಯಾಗದೆ ಇದ್ದಾಗ ಹುಟ್ಟಿದ ಮಗು ಆ ಗಂಡನದೇ ಎಂಬುದಕ್ಕೆ ಹುಟ್ಟೇ ನಿರ್ಣಾಯಕ ಪುರಾವೆ. ಇದನ್ನು ಅಲ್ಲಗಳೆಯಲು ಗಂಡನಿಗಿರುವ ದಾರಿ ಒಂದೇ: ಗರ್ಭ ನಿಂತಿರಬಹುದಾದ ಕಾಲದಲ್ಲಿ ಇಬ್ಬರೂ ಕೂಡುವ ಅವಕಾಶವೇ ಇರಲಿಲ್ಲ ಎಂದು ತೋರಿಸುವುದು.

ಅವಕಾಶ ಎಂದರೆ ಕೂಡಿದ್ದರು ಎಂದಲ್ಲ, ಕೂಡುವುದಕ್ಕೆ ಸಾಧ್ಯವಿತ್ತು ಎಂದಷ್ಟೆ. ಹಿರೇಹಳ್ಳಿ ಕಾರ್ಖಾನೆಯ ಕೆಲಸಗಾರ ವಾರದ ರಜೆಗೆ ಗುಬ್ಬಿಯ ಅತ್ತೆಮನೆಗೆ ಹೋಗಿಬರುತ್ತಿದ್ದ ಎಂದಿಟ್ಟುಕೊಳ್ಳಿ. 'ನಾವು ಮಾತೇ ಆಡ್ತಿರಲಿಲ್ಲ' ಎಂದು ಅವನು ಕಟಕಟೆಯಲ್ಲಿ ಹೇಳಿದರೆ ಸಾಲದು. ಆ ತಿಂಗಳುಗಳಲ್ಲಿ ಪೂರ್ತಿ ವಿದೇಶದಲ್ಲಿದ್ದೆ, ಜೈಲಿನಲ್ಲಿದ್ದೆ ಎಂಬಂಥ ಗಟ್ಟಿ ದಾಖಲೆ ಬೇಕು. ಹಾಜರಿ ಪುಸ್ತಕ, ಪಾಸ್‌ಪೋರ್ಟು, ಆಸ್ಪತ್ರೆಯ ದಾಖಲೆಗಳಿಗೆ ಇಲ್ಲಿ ತೂಕ ಬರುವುದು ಇದರಿಂದಲೇ.

ಹೆಣ್ಣಿನ ಕಡೆಯಿಂದ ಬೇಕಾಗುವ ದಾಖಲೆಗಳಲ್ಲಿ ನಾನು ಎಲ್ಲಕ್ಕಿಂತ ಮೇಲೆ ಇಡುವುದು ತಾಯಿ ಕಾರ್ಡನ್ನು. ಬಸುರಿ ಎಂದು ತಿಳಿದ ಮೇಲೆ ಆಶಾ ಕಾರ್ಯಕರ್ತೆಯ ಮೂಲಕ ನೋಂದಣಿಯಾಗಿ ಕೈಗೆ ಬರುವ ಈ ಕಾರ್ಡಿನಲ್ಲಿ ಗಂಡನ ಹೆಸರಿದೆ, ಕೊನೆಯ ಮುಟ್ಟಿನ ದಿನಾಂಕವಿದೆ, ಹೆರಿಗೆಯ ಅಂದಾಜು ದಿನಾಂಕವಿದೆ, ಪ್ರತಿ ತಪಾಸಣೆಯ ತಾರೀಖೂ ಇದೆ. ಜಗಳ ಹುಟ್ಟುವುದಕ್ಕೆ ಎಷ್ಟೋ ಮೊದಲು, ಯಾವ ಕೋರ್ಟಿನ ಯೋಚನೆಯೂ ಇಲ್ಲದ ಹೊತ್ತಿನಲ್ಲಿ ಸರ್ಕಾರಿ ಸಿಬ್ಬಂದಿ ಬರೆದ ಬರಹ ಅದು. 'ಆ ಕಾಲದಲ್ಲಿ ನಾನು ಊರಲ್ಲೇ ಇರಲಿಲ್ಲ' ಎಂಬ ಮಾತನ್ನು ಅದರ ತಾರೀಖುಗಳ ಪಕ್ಕದಲ್ಲಿಟ್ಟು ನೋಡಬಹುದು. ಮಗುವಿಗೆ ವರ್ಷ ತುಂಬುವಷ್ಟರಲ್ಲಿ ಈ ಕಾರ್ಡು ಎಲ್ಲೋ ಮೂಲೆ ಸೇರಿರುತ್ತದೆ. ಹುಡುಕಿ ತೆಗೆದಿಡಿ. ಅದರ ಜೊತೆಗೆ ಲಗ್ನಪತ್ರಿಕೆ, ಮದುವೆಯ ಫೋಟೊ, ಪಡಿತರ ಚೀಟಿ, ಅಂಗನವಾಡಿಯ ದಾಖಲೆ, ಶಾಲೆಗೆ ಸೇರಿಸಿದಾಗ ಅಪ್ಪನೇ ಸಹಿ ಹಾಕಿದ ಅರ್ಜಿ, ನಾಮಕರಣದಲ್ಲಿ ಅವನ ತೊಡೆಯ ಮೇಲೆ ಮಗುವಿರುವ ಚಿತ್ರ ಎಲ್ಲವೂ ಇರಲಿ.

ಈಗ ಡಿಎನ್‌ಎ ಮಾತಿಗೆ ಬರೋಣ. ಕೋರ್ಟು ಅದನ್ನು ಕೇಳಿದವರಿಗೆಲ್ಲ ಕೊಡುವುದಿಲ್ಲ. 1993ರ ಗೌತಮ್ ಕುಂಡು ತೀರ್ಪಿನಲ್ಲೇ ಸುಪ್ರೀಂ ಕೋರ್ಟ್ ಹೇಳಿತ್ತು: ಸುಮ್ಮನೆ ಕೆದಕಿ ನೋಡಲು ರಕ್ತಪರೀಕ್ಷೆಗೆ ಆದೇಶಿಸಬಾರದು; ಕೂಡುವ ಅವಕಾಶ ಇರಲಿಲ್ಲ ಎಂದು ಗಂಡ ಮೇಲುನೋಟಕ್ಕಾದರೂ ಬಲವಾಗಿ ತೋರಿಸಬೇಕು; ಪರೀಕ್ಷೆಯಿಂದ ಮಗುವಿಗೆ, ತಾಯಿಗೆ ಅಂಟುವ ಕಳಂಕವನ್ನು ಕೋರ್ಟು ತೂಗಿ ನೋಡಬೇಕು; ಯಾರನ್ನೂ ಬಲವಂತವಾಗಿ ರಕ್ತ ಕೊಡು ಎನ್ನುವಂತಿಲ್ಲ. 2023ರ ಫೆಬ್ರುವರಿಯಲ್ಲಿ ನ್ಯಾಯಮೂರ್ತಿ ವಿ. ರಾಮಸುಬ್ರಮಣಿಯನ್ ಮತ್ತು ನಮ್ಮ ಕರ್ನಾಟಕ ಹೈಕೋರ್ಟಿನಿಂದ ಹೋದ ನ್ಯಾಯಮೂರ್ತಿ ಬಿ.ವಿ. ನಾಗರತ್ನ ಅವರ ಪೀಠ ಇದನ್ನು ಇನ್ನೂ ಬಿಗಿಗೊಳಿಸಿತು. ಹೆಂಡತಿಯ ನಡತೆ ಸರಿಯಿಲ್ಲ ಎಂದು ಸಾಧಿಸಿ ವಿಚ್ಛೇದನ ಪಡೆಯಲು ಮಗುವಿನ ಡಿಎನ್‌ಎಯನ್ನು ಅಡ್ಡದಾರಿ ಮಾಡಿಕೊಳ್ಳುವಂತಿಲ್ಲ, ಆ ಆರೋಪವನ್ನು ಬೇರೆ ಸಾಕ್ಷ್ಯದಿಂದ ಸಾಬೀತುಪಡಿಸಲಿ ಎಂದಿತು. ಆ ಜಗಳಕ್ಕೆ ಮಗು ಪಕ್ಷಗಾರನೇ ಅಲ್ಲ. ಅಪ್ಪ ಅಮ್ಮನ ಕಾದಾಟದಲ್ಲಿ ಅದರ ರಕ್ತವನ್ನು ಸಾಕ್ಷಿಗೆ ಎಳೆಯಬಾರದು ಎಂಬುದನ್ನು ನಾನು ಮನಸಾರೆ ಒಪ್ಪುತ್ತೇನೆ.

ಇದಕ್ಕೆ ಇನ್ನೊಂದು ಮುಖವೂ ಇದೆ. 2014ರ ಜನವರಿಯಲ್ಲಿ ತೀರ್ಪಾದ ಒಂದು ಪ್ರಕರಣದಲ್ಲಿ, ಪರೀಕ್ಷೆ ನಡೆದು ವರದಿ ಆಗಲೇ ಕೋರ್ಟಿನ ಮುಂದಿತ್ತು. ಆಗ ಸುಪ್ರೀಂ ಕೋರ್ಟ್ ಕಾನೂನಿನ ಊಹೆಗಿಂತ ವಿಜ್ಞಾನದ ಸತ್ಯವೇ ಮೇಲು ಎಂದು ಹೇಳಿ, ಗಂಡ ಆ ಮಗುವಿಗೆ ಜೀವನಾಂಶ ಕೊಡಬೇಕಿಲ್ಲ ಎಂದಿತು. ಅದಕ್ಕೇ ಹೇಳುವುದು, ರೋಷದಲ್ಲಿ 'ಮಾಡಿಸಿ, ಮಾಡಿಸಿ' ಎಂದು ಒಪ್ಪಿಗೆ ಪತ್ರಕ್ಕೆ ಸಹಿ ಹಾಕಬೇಡಿ. 116ನೇ ಕಲಮಿನ ರಕ್ಷಣೆಯನ್ನು ಕೈಯಾರೆ ಬಿಟ್ಟುಕೊಟ್ಟಂತೆ ಆಗಬಹುದು. ಹಾಗೆಂದು ಕೋರ್ಟೇ ಕಾರಣ ಬರೆದು ಪರೀಕ್ಷೆಗೆ ಆದೇಶಿಸಿದ ಮೇಲೂ ನಿರಾಕರಿಸಿದರೆ, ನಿರಾಕರಿಸಿದವರಿಗೆ ಪ್ರತಿಕೂಲವಾದ ತೀರ್ಮಾನಕ್ಕೆ ಕೋರ್ಟು ಬರಬಹುದು. ಇನ್ನು ಮಗುವಿನ ಕೂದಲು, ಎಂಜಲು ಕದ್ದು ಖಾಸಗಿ ಲ್ಯಾಬಿಗೆ ಕಳಿಸಿ ತರಿಸಿದ ವರದಿ. ಮಾದರಿ ಯಾರದು, ಯಾರ ಸಮಕ್ಷಮ ತೆಗೆದದ್ದು ಎಂಬುದಕ್ಕೇ ಉತ್ತರವಿಲ್ಲದ ಕಾಗದವನ್ನು ಕಂಡು ಹೆದರಬೇಡಿ.

ಮದುವೆಯ ಹೊರಗಿನ ಪಿತೃತ್ವ ಸಾಧಿಸುವ ದಾವೆ ಎಲ್ಲಿಗೆ ಹೋಗಬೇಕು? ಇಲ್ಲೇ ಬಹಳ ಜನ ಎಡವುವುದು. ಕೇರಳದ ಒಂದು ಪ್ರಕರಣ ಇದನ್ನು ಚೆನ್ನಾಗಿ ತೋರಿಸುತ್ತದೆ. 1989ರಲ್ಲಿ ಮದುವೆ, 2001ರಲ್ಲಿ ಮಗ, 2006ರಲ್ಲಿ ವಿಚ್ಛೇದನ. ಆಮೇಲೆ ತಾಯಿ, ಮಗನ ನಿಜವಾದ ತಂದೆ ಬೇರೊಬ್ಬ ಎಂದು ಹೇಳಿ ಜನನ ದಾಖಲೆಯಲ್ಲಿ ಹೆಸರು ಬದಲಿಸಲು ಹೋದಳು. ಅಧಿಕಾರಿಗಳು ಕೋರ್ಟಿನ ಆದೇಶ ತನ್ನಿ ಎಂದರು. ಸಿವಿಲ್ ಕೋರ್ಟಿನಲ್ಲಿ ಸೋಲಾಯಿತು, ಹೈಕೋರ್ಟೂ ಅದನ್ನೇ ಎತ್ತಿಹಿಡಿಯಿತು. ವರ್ಷಗಳ ನಂತರ ಮಗನೇ ಕೌಟುಂಬಿಕ ನ್ಯಾಯಾಲಯದಲ್ಲಿ ಆ ವ್ಯಕ್ತಿಯಿಂದ ಜೀವನಾಂಶ ಕೇಳುವ ಹಳೆಯ ಅರ್ಜಿಗೆ ಮತ್ತೆ ಜೀವ ಕೊಟ್ಟ. 2025ರ ಜನವರಿ 28ರಂದು ಸುಪ್ರೀಂ ಕೋರ್ಟ್ ಅದಕ್ಕೆ ತೆರೆ ಎಳೆಯಿತು. ಗರ್ಭ ನಿಂತ ಕಾಲದಲ್ಲಿ ಗಂಡ ಹೆಂಡತಿ ಒಂದೇ ಸೂರಿನಡಿ ಇದ್ದರು, ಆದ್ದರಿಂದ ಕಾನೂನಿನ ಕಣ್ಣಲ್ಲಿ ಗಂಡನೇ ತಂದೆ. ಸಿವಿಲ್ ಕೋರ್ಟು ತೀರ್ಮಾನಿಸಿ ಅಂತಿಮವಾದದ್ದನ್ನು ಕೌಟುಂಬಿಕ ನ್ಯಾಯಾಲಯ ಮತ್ತೆ ತೆರೆಯುವಂತಿಲ್ಲ. ಮೂರನೆಯ ವ್ಯಕ್ತಿಯ ಖಾಸಗಿತನವೂ ಹಕ್ಕೇ ಎಂದಿತು. ಖಾಸಗಿತನದ ಆ ಹಕ್ಕನ್ನು 2017ರಲ್ಲಿ ದೇಶಕ್ಕೆ ತಂದುಕೊಟ್ಟ ಪ್ರಕರಣದ ಅರ್ಜಿದಾರರು ಕರ್ನಾಟಕ ಹೈಕೋರ್ಟಿನ ನಿವೃತ್ತ ನ್ಯಾಯಮೂರ್ತಿ ಕೆ.ಎಸ್. ಪುಟ್ಟಸ್ವಾಮಿ.

ವೈವಾಹಿಕ ಸಂಬಂಧದ ಮಾತೇ ಇಲ್ಲದೆ ಬರೀ 'ಇವನು ನನ್ನ ತಂದೆ ಎಂದು ಘೋಷಿಸಿ' ಎಂದು ಕೇಳುವ ದಾವೆ ಕೌಟುಂಬಿಕ ನ್ಯಾಯಾಲಯದ್ದಲ್ಲ, ಸಿವಿಲ್ ಕೋರ್ಟಿನದು ಎಂಬ ನಿಲುವು ಸುಪ್ರೀಂ ಕೋರ್ಟಿನ 2004ರ ತೀರ್ಪಿನಿಂದಲೇ ಬಂದದ್ದು. ಅದೇ ಮಗು ಜೀವನಾಂಶ ಕೇಳಿದರೆ ಮಾತ್ರ ಕೌಟುಂಬಿಕ ನ್ಯಾಯಾಲಯ ಪಿತೃತ್ವದ ಪ್ರಶ್ನೆಯನ್ನೂ ಜೊತೆಗೇ ನೋಡುತ್ತದೆ. ನಿಮಗೆ ಬೇಕಿರುವುದು ಹಣವಾದರೆ ಘೋಷಣೆಯ ದಾವೆಯ ಸುತ್ತುದಾರಿ ಹಿಡಿಯಬೇಡಿ.

ನಮ್ಮ ಹಳ್ಳಿಗಳಿಗೆ ಸೇರಿದ ಒಂದು ಅಪಾಯವನ್ನು ಇಲ್ಲೇ ಹೇಳಬೇಕು. ಹಿರಿಯರ ಸಮಕ್ಷಮ ಛಾಪಾ ಕಾಗದದಲ್ಲಿ 'ಇಬ್ಬರೂ ಒಪ್ಪಿ ಬಿಡುಗಡೆಯಾಗಿದ್ದೇವೆ' ಎಂದು ಬರೆದುಕೊಂಡು, ವಿಚ್ಛೇದನ ಮುಗಿಯಿತು ಎಂದುಕೊಳ್ಳುವವರು ಇಂದಿಗೂ ಇದ್ದಾರೆ. ಸಮುದಾಯದ ರೂಢಿಯನ್ನು ಕೋರ್ಟಿನಲ್ಲಿ ಸಾಬೀತು ಮಾಡಬಲ್ಲ ಅಪರೂಪದ ಸಂದರ್ಭ ಬಿಟ್ಟರೆ ಆ ಕಾಗದದಿಂದ ಮದುವೆ ಮುರಿಯುವುದಿಲ್ಲ. ಹೆಣ್ಣು ಇನ್ನೊಬ್ಬನ ಜೊತೆ ಸಂಸಾರ ಹೂಡಿ ಮಗು ಹುಟ್ಟಿದರೆ, ಕಾನೂನಿನ ಮೊದಲ ಊಹೆ ಆ ಮಗು ಹಳೆಯ ಗಂಡನದು ಎಂದೇ. ಅವನಿಗೂ ಇವನಿಗೂ ಬೇಡವಾಗಿ ಮಗು ನಡುವೆ ಸಿಕ್ಕಿಕೊಳ್ಳುತ್ತದೆ. ಮೊದಲು ಕೋರ್ಟಿನ ವಿಚ್ಛೇದನ ಪಡೆಯಿರಿ, ಆಮೇಲೆ ಉಳಿದದ್ದು. ಪಂಚಾಯ್ತಿಯಲ್ಲಿ ಬರೆಸಿಕೊಂಡ 'ಮಗುವಿಗೆ ಏನೂ ಕೇಳುವುದಿಲ್ಲ' ಎಂಬ ಮುಚ್ಚಳಿಕೆಯೂ ಅಷ್ಟೆ. ಮಗುವಿನ ಹಕ್ಕನ್ನು ತಾಯಿ ಬರೆದುಕೊಡಲು ಬರುವುದಿಲ್ಲ, ಆ ಕಾಗದ ಇದ್ದರೂ ಅರ್ಜಿ ಹಾಕಿ.

ಜಮೀನಿನ ಪಾಲಿನ ಪ್ರಶ್ನೆಯಾದರೆ ದಾರಿಯೇ ಬೇರೆ. ಅಪ್ಪ ತೀರಿಕೊಂಡು, ನಾಡಕಚೇರಿಯಲ್ಲಿ ಪಡೆದ ವಂಶವೃಕ್ಷದಲ್ಲಿ ಎರಡನೆಯ ಹೆಂಡತಿಯ ಮಕ್ಕಳ ಹೆಸರು ಬಿಟ್ಟು, ಪೌತಿ ಖಾತೆ ಮೊದಲನೆಯವರ ಹೆಸರಿಗೆ ಆಗಿಬಿಟ್ಟಿದೆ ಎಂದುಕೊಳ್ಳಿ. ವಂಶವೃಕ್ಷ ಕಂದಾಯದ ಕೆಲಸಕ್ಕಿರುವ ಕಾಗದ, ಯಾರು ಯಾರ ಮಕ್ಕಳು ಎಂಬುದನ್ನು ಅಂತಿಮವಾಗಿ ತೀರ್ಮಾನಿಸುವ ಶಕ್ತಿ ಅದಕ್ಕಿಲ್ಲ. ಪಾಲು ವಿಭಾಗದ ದಾವೆಯನ್ನು ಜಮೀನಿರುವ ಊರಿನ ಸಿವಿಲ್ ಕೋರ್ಟಿನಲ್ಲಿ ಹೂಡಬೇಕು. ಮಗ ಹೌದೋ ಅಲ್ಲವೋ ಎಂಬುದನ್ನು ಆ ಕೋರ್ಟೇ ಅದರೊಳಗೆ ತೀರ್ಮಾನಿಸುತ್ತದೆ.

ಇಂಥ ಮಕ್ಕಳ ಪಾಲಿನ ವಿಷಯದಲ್ಲಿ ದೇಶಕ್ಕೇ ದಾರಿ ತೋರಿದ್ದು ಕರ್ನಾಟಕದಿಂದ ಹೋದ ಪ್ರಕರಣ: ರೇವಣಸಿದ್ದಪ್ಪ ವಿರುದ್ಧ ಮಲ್ಲಿಕಾರ್ಜುನ. 1976ರ ತಿದ್ದುಪಡಿಯಾದ ಮೇಲೆ ಹಿಂದೂ ವಿವಾಹ ಕಾಯ್ದೆಯ 16ನೇ ಕಲಂ, ಅನೂರ್ಜಿತ ಮದುವೆಯ ಮಕ್ಕಳನ್ನೂ ಕಾನೂನುಬದ್ಧ ಮಕ್ಕಳೆಂದು ಒಪ್ಪಿಕೊಂಡಿತ್ತು. ಆದರೆ ಅವರಿಗೆ ಅಪ್ಪ ಅಮ್ಮನ ಆಸ್ತಿಯಲ್ಲಿ ಮಾತ್ರ ಹಕ್ಕು ಎಂದಿತ್ತು. ಪಿತ್ರಾರ್ಜಿತದ ಗತಿಯೇನು? 2011ರಲ್ಲಿ ಈ ಪ್ರಶ್ನೆ ದೊಡ್ಡ ಪೀಠಕ್ಕೆ ಹೋಯಿತು. 2023ರ ಸೆಪ್ಟೆಂಬರ್ 1ರಂದು ಮುಖ್ಯ ನ್ಯಾಯಮೂರ್ತಿ ಡಿ.ವೈ. ಚಂದ್ರಚೂಡ್ ಅವರ ಮೂವರ ಪೀಠ ಉತ್ತರ ಕೊಟ್ಟಿತು. ಅಪ್ಪ ಸಾಯುವ ಮುಂಚೆ ಮನೆ ಪಾಲಾಗಿತ್ತು ಎಂದು ಭಾವಿಸಿ ಅವನ ಪಾಲಿಗೆ ಎಷ್ಟು ಬರುತ್ತಿತ್ತೋ ಅದರಲ್ಲಿ ಈ ಮಕ್ಕಳಿಗೂ ಸಮಪಾಲು; ಕುಟುಂಬದ ಉಳಿದ ಸದಸ್ಯರ ಪಾಲಿನಲ್ಲಿ ಅವರು ಕೈಹಾಕುವಂತಿಲ್ಲ.

ಲೆಕ್ಕ ಹಾಕಿ ನೋಡಿ. ನಾಲ್ಕೂವರೆ ಎಕರೆ ಪಿತ್ರಾರ್ಜಿತ ತೆಂಗಿನ ತೋಟ. ಮೊದಲ ಹೆಂಡತಿ ಬದುಕಿದ್ದಾಗಲೇ ಅಪ್ಪ ಎರಡನೆಯ ಮದುವೆಯಾಗಿ ಒಬ್ಬ ಮಗನಿದ್ದಾನೆ, ಮೊದಲನೆಯವಳಿಗೆ ಒಬ್ಬ ಮಗ ಒಬ್ಬಳು ಮಗಳು. ಮೊದಲನೆಯವಳು ತೀರಿಕೊಂಡ ಮೇಲೆ ಅಪ್ಪನೂ ಉಯಿಲು ಬರೆಯದೆ ತೀರಿಕೊಂಡ. ಭಾವಿಸಿದ ಪಾಲಿನಲ್ಲಿ ಅಪ್ಪ, ಮಗ, ಮಗಳಿಗೆ ತಲಾ ಒಂದೂವರೆ ಎಕರೆ. ಅಪ್ಪನ ಆ ಒಂದೂವರೆ ಎಕರೆ, ಅಂದರೆ 60 ಗುಂಟೆ, ಮೂವರು ಮಕ್ಕಳಿಗೂ ತಲಾ 20 ಗುಂಟೆಯಂತೆ ಹಂಚಿಕೆಯಾಗುತ್ತದೆ. ಎರಡನೆಯವಳ ಮಗನಿಗೆ ಬರುವುದು ಆ 20 ಗುಂಟೆ. ಒಂದೂವರೆ ಎಕರೆ ಬರುತ್ತದೆಂದು ಆಸೆ ಹುಟ್ಟಿಸುವವರನ್ನೂ ಒಂದು ಗುಂಟೆಯೂ ಇಲ್ಲ ಎಂದು ಹೆದರಿಸುವವರನ್ನೂ ನಂಬಬೇಡಿ. ಎರಡನೆಯ ಹೆಂಡತಿಗೆ ಹೆಂಡತಿಯೆಂಬ ಹಕ್ಕಿನಲ್ಲಿ ಪಾಲಿಲ್ಲ.

ನೌಕರಿಯ ವಿಷಯದಲ್ಲೂ ನಮ್ಮ ಹೈಕೋರ್ಟು ಮಕ್ಕಳ ಕೈ ಹಿಡಿದಿದೆ. 2021ರಲ್ಲಿ ಕೆಪಿಟಿಸಿಎಲ್ ನೌಕರರೊಬ್ಬರ ಎರಡನೆಯ ಹೆಂಡತಿಯ ಮಗ ಅನುಕಂಪದ ನೌಕರಿ ಕೇಳಿದಾಗ, ಹುಟ್ಟಿನಲ್ಲಿ ಮಗುವಿನ ಪಾತ್ರವೇನೂ ಇಲ್ಲ, ಅಪ್ಪ ಅಮ್ಮನ ಸಂಬಂಧ ಅಕ್ರಮವಿರಬಹುದು, ಮಗು ಅಕ್ರಮವಲ್ಲ ಎಂಬ ತಿರುಳಿನ ತೀರ್ಪನ್ನು ನ್ಯಾಯಮೂರ್ತಿ ನಾಗರತ್ನ ಅವರಿದ್ದ ವಿಭಾಗೀಯ ಪೀಠವೇ ಕೊಟ್ಟಿತ್ತು. 2025ರ ಆಗಸ್ಟ್‌ನಲ್ಲಿ ವಿಧಾನಮಂಡಲ ಒಪ್ಪಿದ ದೇವದಾಸಿ ಮಸೂದೆಯೂ ಆ ತಾಯಂದಿರ ಮಕ್ಕಳು ದಾಖಲೆಗಳಲ್ಲಿ ತಂದೆಯ ಹೆಸರು ಬರೆಯಲೇಬೇಕೆಂಬ ಕಟ್ಟುಪಾಡನ್ನು ತೆಗೆದಿದೆ. ಮದುವೆಯಾಗದ ತಾಯಿ ಪ್ರಮಾಣಪತ್ರ ಕೊಟ್ಟರೆ ಸಾಕು, ತಂದೆಯ ಹೆಸರಿಲ್ಲದೆಯೇ ಮಗುವಿನ ಜನನ ಪ್ರಮಾಣಪತ್ರ ಕೊಡಬೇಕು ಎಂದು 2015ರ ಜುಲೈನಲ್ಲೇ ಸುಪ್ರೀಂ ಕೋರ್ಟ್ ಹೇಳಿದೆ. ಕಚೇರಿಯಲ್ಲಿ 'ಅಪ್ಪನ ಹೆಸರು ಹೇಳಮ್ಮ' ಎಂದು ಕೂರಿಸಿಕೊಂಡರೆ ಈ ತೀರ್ಪನ್ನು ಹೇಳಿ.

ಕೌಟುಂಬಿಕ ನ್ಯಾಯಾಲಯಕ್ಕೆ ಹೋಗುವುದೆಂದರೆ ಊರ ಮುಂದೆ ಮಾನ ಹರಾಜಾಗುತ್ತದೆ ಎಂಬ ಭಯ ಬೇಡ. ಇಬ್ಬರಲ್ಲಿ ಒಬ್ಬರು ಕೇಳಿಕೊಂಡರೂ ವಿಚಾರಣೆಯನ್ನು ಮುಚ್ಚಿದ ಕೋಣೆಯಲ್ಲಿ ನಡೆಸಬೇಕೆಂದು ಕೌಟುಂಬಿಕ ನ್ಯಾಯಾಲಯಗಳ ಕಾಯ್ದೆಯ 11ನೇ ಕಲಂ ಹೇಳುತ್ತದೆ. ಮೊದಲ ದಿನವೇ ಕೇಳಿಕೊಳ್ಳಿ, ಪಾಟಿ ಸವಾಲು ಶುರುವಾದ ಮೇಲಲ್ಲ. ರಾಜಿಗೆ ಪ್ರಯತ್ನಿಸುವುದು ನ್ಯಾಯಾಲಯದ ಕರ್ತವ್ಯ, ಆಪ್ತ ಸಮಾಲೋಚಕರ ಮುಂದೆ ಕೂರಿಸುತ್ತಾರೆ. ರಾಜಿ ಒಳ್ಳೆಯದೇ, ಆದರೆ ಮಗುವಿನ ಪಿತೃತ್ವವನ್ನು ಬಿಟ್ಟುಕೊಡುವ ಸಾಲೊಂದು ರಾಜಿಪತ್ರದಲ್ಲಿ ನುಸುಳದಂತೆ ಓದಿಸಿ ಕೇಳಿಕೊಂಡೇ ಸಹಿ ಮಾಡಿ. 13ನೇ ಕಲಮಿನಂತೆ ಇಲ್ಲಿ ವಕೀಲರನ್ನು ಇಟ್ಟುಕೊಳ್ಳುವುದು ಹಕ್ಕಲ್ಲ, ನ್ಯಾಯಾಲಯದ ಅನುಮತಿ ಬೇಕು. ಪಿತೃತ್ವದಂಥ ವಿಷಯದಲ್ಲಿ ಅನುಮತಿ ಕೇಳುವುದೇ ಸರಿ. ವಕೀಲರ ಫೀಸಿಗೆ ದುಡ್ಡಿಲ್ಲದಿದ್ದರೆ ತುಮಕೂರಿನ ಜಿಲ್ಲಾ ಕಾನೂನು ಸೇವಾ ಪ್ರಾಧಿಕಾರಕ್ಕೆ ಹೋಗಿ, ಇಲ್ಲವೇ 15100ಕ್ಕೆ ಫೋನ್ ಮಾಡಿ. ಹೆಂಗಸರಿಗೂ ಮಕ್ಕಳಿಗೂ ಆದಾಯ ಎಷ್ಟೇ ಇರಲಿ, ಉಚಿತ ವಕೀಲರನ್ನು ಕೊಡಬೇಕು.

ತೀರ್ಪು ಒಪ್ಪಿಗೆಯಾಗದಿದ್ದರೆ ಘೋಷಣೆ, ವಿಚ್ಛೇದನದಂಥವುಗಳ ಮೇಲೆ 30 ದಿನದೊಳಗೆ ಹೈಕೋರ್ಟಿಗೆ ಮೇಲ್ಮನವಿ. 144ನೇ ಕಲಮಿನ ಜೀವನಾಂಶದ ಆದೇಶಕ್ಕೆ ಮೇಲ್ಮನವಿ ಇಲ್ಲ, ಪುನರ್ ಪರಿಶೀಲನಾ ಅರ್ಜಿ ಮಾತ್ರ. ಆದೇಶದ ಪ್ರತಿಯನ್ನು ದುಡ್ಡಿಲ್ಲದೆ ಕೊಡಬೇಕು, ಕೇಳಿ ಪಡೆಯಿರಿ. ಅವನು ಹಣ ಕಟ್ಟದಿದ್ದರೆ ಬಾಕಿ ಬಿದ್ದ ದಿನದಿಂದ ಒಂದು ವರ್ಷದೊಳಗೆ ವಸೂಲಿ ಅರ್ಜಿ ಹಾಕಬೇಕು, ಅದಕ್ಕಿಂತ ಹಳೆಯ ಬಾಕಿಗೆ ಈ ಕಲಮಿನಡಿ ವಾರಂಟು ಹೊರಡುವುದಿಲ್ಲ. 'ಮುಂದಿನ ತಿಂಗಳು ಒಟ್ಟಿಗೆ ಕಟ್ತೀನಿ' ಎಂಬ ಮಾತಿಗೆ ಕಾದು ಕೂರದೆ, ಎರಡು ಮೂರು ತಿಂಗಳು ತಪ್ಪಿದ ಕೂಡಲೇ ಆದೇಶದ ಪ್ರತಿ, ಬ್ಯಾಂಕ್ ಪಾಸ್‌ಬುಕ್ ಹಿಡಿದು ಅದೇ ನ್ಯಾಯಾಲಯಕ್ಕೆ ಹೋಗಿ.